ಮುಂದೇನಾಯಿತು ಎಂದು ತಿಳಿಯಲು ಪರ್ಷಿಯನ್ ಕಲಿತವನು

ನಾಲ್ಕು ವರ್ಷ ನಾನು ಪತ್ರಿಕೆಯೊಂದರ ರಾತ್ರಿ ಡೆಸ್ಕಿನಲ್ಲಿ ಮಾರುಕಟ್ಟೆ ಪುಟ ನೋಡಿಕೊಳ್ಳುತ್ತಿದ್ದೆ. ಅಡಿಕೆ ಧಾರಣೆ, ಕಾಳುಮೆಣಸು, ಕೊಬ್ಬರಿ, ಚಿನ್ನ-ಬೆಳ್ಳಿ. ಶಿವಮೊಗ್ಗದ ಸಾಲಿನಲ್ಲಿ ಸರಕು, ಬೆಟ್ಟೆ, ರಾಶಿ, ಗೊರಬಲು. ಒಂದೊಂದಕ್ಕೂ ಕನಿಷ್ಠ, ಗರಿಷ್ಠ. ಒಂದು ರಾತ್ರಿ ನಿದ್ದೆಗಣ್ಣಿನಲ್ಲಿ ಐದರ ಜಾಗಕ್ಕೆ ಆರು ಹಾಕಿಬಿಟ್ಟೆ. ಮರುದಿನ ತೋಟದವರೊಬ್ಬರು ಆಫೀಸಿಗೆ ಫೋನ್ ಮಾಡಿದರು. ಬೈಯಲಿಲ್ಲ. 'ರೇಟು ಏರಿದೆ ಅಂತ ನಂಬಿ ನಾಲ್ಕು ಚೀಲ ಗಾಡಿಗೆ ಹಾಕಿಸಿದ್ದೆ ಕಣಪ್ಪ' ಅಂದರು, ಅಷ್ಟೆ. ಆಮೇಲೆ ನಾನು ಪ್ರತಿ ಅಂಕಿಯನ್ನೂ ಬಾಯಿಬಿಟ್ಟು ಓದಿ ಪುಟ ಬಿಡುತ್ತಿದ್ದೆ.

ಆ ದಿನಗಳಲ್ಲೇ ನನಗೆ ಬ್ಯಾಸಿಲ್ ಬಂಟಿಂಗ್ ಸಿಕ್ಕಿದ್ದು. ಅವನ ಬದುಕಿನ ಬಗ್ಗೆ ನಾನು ಮೊದಲು ಓದಿದ ಸಂಗತಿಯೇ ಇದು: ಇಂಗ್ಲೆಂಡಿನ ಈ ಕವಿ ಐವತ್ತು ದಾಟಿದ ಮೇಲೆ ಹೊಟ್ಟೆಪಾಡಿಗಾಗಿ ರೈಲು ವೇಳಾಪಟ್ಟಿ, ಬೀಜದಂಗಡಿಯ ಪಟ್ಟಿ, ಮತದಾರರ ಪಟ್ಟಿಗಳ ಕರಡು ತಿದ್ದುತ್ತಿದ್ದ. ಆಮೇಲೆ ನ್ಯೂಕ್ಯಾಸಲ್ ಪಟ್ಟಣದ ಸಂಜೆ ಪತ್ರಿಕೆಯಲ್ಲಿ ಉಪಸಂಪಾದಕನಾಗಿ ಷೇರು ದರಗಳ ಪುಟ ಕಟ್ಟುತ್ತಿದ್ದ. ಓದಿದ ಕೂಡಲೇ ಇವನು ನಮ್ಮ ಡೆಸ್ಕಿನವನು ಅನ್ನಿಸಿತು. ಅದೇ ಮನುಷ್ಯ ಅದಕ್ಕೂ ಮೊದಲು ಇಟಲಿಯಲ್ಲಿ ಅಮೆರಿಕದ ಕವಿ ಎಜ್ರಾ ಪೌಂಡ್‌ನ ನೆರೆಯವನಾಗಿದ್ದ, ಇಸ್ಫಹಾನಿನಲ್ಲಿ ಬ್ರಿಟನ್ನಿನ ವೈಸ್ ಕಾನ್ಸುಲ್ ಆಗಿದ್ದ, ಟೆಹರಾನಿನಿಂದ ಗಡೀಪಾರಾಗಿ ಬಂದಿದ್ದ. ಇದೆಲ್ಲ ಗೊತ್ತಾದ ಮೇಲೆ ಬಿಡಲು ಆಗಲಿಲ್ಲ.

ನ್ಯೂಕ್ಯಾಸಲ್ ಹತ್ತಿರ ಟೈನ್ ನದಿಯ ದಂಡೆಯ ಸ್ಕಾಟ್ಸ್‌ವುಡ್‌ನಲ್ಲಿ 1900ರ ಮಾರ್ಚ್ 1ರಂದು ಹುಟ್ಟಿದ. ಅಪ್ಪ ಡಾಕ್ಟರು. ಓದಿದ್ದು ಕ್ವೇಕರ್ ಪಂಥದವರ ಶಾಲೆಗಳಲ್ಲಿ. ಅವರು ಯುದ್ಧ ಒಪ್ಪದ ಜನ. ಪೂಜೆ-ಮಂತ್ರ ಇಲ್ಲದೆ, ಸುಮ್ಮನೆ ಮೌನವಾಗಿ ಒಟ್ಟಿಗೆ ಕೂರುವುದೇ ಅವರ ಪ್ರಾರ್ಥನೆ. ಮೊದಲ ಮಹಾಯುದ್ಧದ ಕಾಲ, ಹದಿನೆಂಟು ತುಂಬುತ್ತಿದ್ದಂತೆ ಸೈನ್ಯಕ್ಕೆ ಕರೆ ಬಂತು. ಹೋಗುವುದಿಲ್ಲ ಅಂದ. ಜೈಲಿಗೆ ಹಾಕಿದರು. 1918ರಲ್ಲಿ ಯುದ್ಧ ಮುಗಿದ ಮೇಲೂ ಅವನು ಒಳಗೇ ಇದ್ದ. ಹೊರಬಂದು ಲಂಡನ್ನಿನಲ್ಲಿ ಅರ್ಥಶಾಸ್ತ್ರಕ್ಕೆ ಸೇರಿ ಅರ್ಧಕ್ಕೇ ಬಿಟ್ಟ. ಪ್ಯಾರಿಸ್ಸಿಗೆ ಹೋದ. ಅಲ್ಲಿ ಕುಡಿದು ಪೊಲೀಸರೊಂದಿಗೆ ಜಗಳವಾಡಿ ಮತ್ತೆ ಒಳಗೆ ಹೋದ. ಬಿಡಿಸಿಕೊಂಡು ಬರಲು ನೆರವಾದವನು ಪೌಂಡ್. ಅಲ್ಲಿಂದ ಇಟಲಿಯ ಕಡಲ ತೀರದ ರಪಾಲ್ಲೊ ಊರಿಗೆ ಹೋಗಿ, ಬಂದು, ಮತ್ತೆ ಹೋಗಿ ಅಲ್ಲೇ ಕೆಲವು ವರ್ಷ ನಿಂತ.

ನನಗೆ ತುಂಬಾ ಇಷ್ಟವಾದ ಕತೆ ಅಲ್ಲಿಯದು. ಜಿನೋವಾ ಬಂದರಿನ ಕಟ್ಟೆಯ ಹಳೇ ಪುಸ್ತಕದ ಅಂಗಡಿಯಲ್ಲಿ ಬಂಟಿಂಗ್‌ಗೆ ಒಂದು ಹರಕು ಪುಸ್ತಕ ಸಿಕ್ಕಿತು. ರಟ್ಟಿಲ್ಲ, ಕೊನೆಯ ಪುಟಗಳಿಲ್ಲ. ಫ್ರೆಂಚ್ ಗದ್ಯ. ಮನೆಗೆ ತಂದು ಓದಿದರೆ ಅದು ಫಿರ್ದೌಸಿಯ ಷಾನಾಮೆಯ ತುಂಡು. ಸಾವಿರ ವರ್ಷದ ಹಿಂದೆ ಬರೆದ ಇರಾನಿನ ರಾಜರ ಮಹಾಕಾವ್ಯ, ಸುಮಾರು ಐವತ್ತು ಸಾವಿರ ದ್ವಿಪದಿಗಳದ್ದು. ಪೌಂಡ್‌ಗೂ ಓದಿ ಹೇಳಿದ. ಇಬ್ಬರಿಗೂ ಹುಚ್ಚು ಹಿಡಿಯಿತು. ಮಹಾವೀರ ರುಸ್ತುಮ್ ಹುಟ್ಟುವ ಹೊತ್ತಿಗೆ ಪುಸ್ತಕ ಮುಗಿದುಹೋಯಿತು. ಮುಂದೇನಾಯಿತು? ತಿಳಿಯಬೇಕಾದರೆ ಒಂದೇ ದಾರಿ. ಬಂಟಿಂಗ್ ಪರ್ಷಿಯನ್ ಕಲಿಯಲು ಕೂತ. ಪೌಂಡ್ ಎಲ್ಲಿಂದಲೋ ಮೂರು ಸಂಪುಟದ ಮೂಲವನ್ನು ಹುಡುಕಿ ಕೊಂಡುಕೊಟ್ಟ.

ಒಂದು ಕತೆ ಅರ್ಧಕ್ಕೆ ನಿಂತಿತು ಅಂತ ಒಂದು ಭಾಷೆಯನ್ನೇ ಕಲಿಯುವುದು ಅಂದರೆ ಏನು ಅಂತ ನಾನು ಎಷ್ಟೋ ಸಲ ಯೋಚಿಸಿದ್ದೇನೆ. ಮೇಷ್ಟರಿಲ್ಲ, ಪರೀಕ್ಷೆ ಇಲ್ಲ, ಆ ಭಾಷೆ ಆಡುವ ಒಬ್ಬ ಗೆಳೆಯನೂ ಇಲ್ಲ. ನಿಘಂಟು, ವ್ಯಾಕರಣ, ಫಿರ್ದೌಸಿ ಇಷ್ಟೇ. ಹಾಗೆ ಕಲಿತು ಅವನು ಹಳೆಯ ಪರ್ಷಿಯನ್ ಕವಿಗಳಾದ ರೂದಕಿ, ಮನುಚೆಹ್ರಿ, ಸಾದಿ, ಹಾಫಿಜರನ್ನು ಇಂಗ್ಲಿಷಿಗೆ ತಂದ. ಪರ್ಷಿಯನ್ ಛಂದಸ್ಸು ನಮ್ಮ ಹಾಗೇ ಲಘು-ಗುರುಗಳ ಲೆಕ್ಕದ್ದು. ಇಂಗ್ಲಿಷ್ ಕಿವಿಗೆ ಅದು ಹೊಸತು. ನಮಗೆ ಷಟ್ಪದಿ ಬಾಯಿಪಾಠ ಮಾಡಿಸಿದ ಮೇಷ್ಟರುಗಳಿಂದ ಗೊತ್ತು, ಒಂದು ಅಕ್ಷರ ಎಷ್ಟು ಹೊತ್ತು ಬಾಯಲ್ಲಿ ನಿಲ್ಲುತ್ತದೆ ಅನ್ನುವುದರಲ್ಲೇ ಪದ್ಯದ ಜೀವ ಇದೆ ಅಂತ. ಬಂಟಿಂಗ್ ಅದನ್ನು ದೂರದ ದಾರಿ ಹಿಡಿದು ಕಲಿತ. ಪದ್ಯ ಕಣ್ಣಿಗಲ್ಲ, ಕಿವಿಗೆ ಅಂತ ಸಾಯುವವರೆಗೂ ಹಟ ಹಿಡಿದ.

ಹಾಫಿಜ್ ಅಂದ ಕೂಡಲೇ ನೆನಪಾಯಿತು. ಬಹಮನಿ ಸುಲ್ತಾನ ಎರಡನೇ ಮುಹಮ್ಮದ್ ಷಾ ಅವನನ್ನು ನಮ್ಮ ಕಲಬುರಗಿಯ ಆಸ್ಥಾನಕ್ಕೆ ಕರೆದಿದ್ದನಂತೆ. ದಾರಿಖರ್ಚಿಗೆ ಹಣವೂ ಬಂದಿತ್ತಂತೆ. ಹಾಫಿಜ್ ಹೊರಮುಜ್ ಬಂದರಿಗೆ ಬಂದು ಹಡಗು ಹತ್ತಿದ. ಬಿರುಗಾಳಿ ಎದ್ದಿತು. ಹೆದರಿ ಇಳಿದುಬಿಟ್ಟ. ತಾನು ಬರುವ ಬದಲು ಒಂದು ಗಜಲನ್ನು ಕಳಿಸಿದ. ಇತಿಹಾಸಕಾರ ಫರಿಷ್ತಾ ಬರೆದಿಟ್ಟ ಕತೆ ಇದು. ಕಲಬುರಗಿಯ ಕೋಟೆ ನೋಡಿದಾಗೆಲ್ಲ ಬರಲಾಗದ ಆ ಅತಿಥಿಯ ನೆನಪು ನನಗೆ ಬರುತ್ತದೆ.

ಬಂಟಿಂಗ್ 1930ರಲ್ಲಿ ಅಮೆರಿಕದ ಮೇರಿಯನ್ ಎಂಬವಳನ್ನು ಮದುವೆಯಾದ. ಮೊದಲ ಮಗಳಿಗೆ ಚೆಂಗಿಸ್ ಖಾನನ ಹೆಂಡತಿಯ ಹೆಸರು, ಬೂರ್ತಾಯ್. ಎರಡನೆಯವಳಿಗೆ ರುಸ್ತುಮ್‌ನ ತಾಯಿಯ ಹೆಸರು, ರೂದಾಬಾ. ಕಾಸಿಗೆ ಕಷ್ಟ ಅಂತ ಸ್ಪೇನಿಗೆ ಸೇರಿದ ಕ್ಯಾನರಿ ದ್ವೀಪಗಳಿಗೆ ಹೋಗಿ ಕೆಲವು ವರ್ಷ ಇದ್ದರು. 1936ರಲ್ಲಿ ಸ್ಪೇನಿನ ಯುದ್ಧ ಹತ್ತಿಕೊಂಡಾಗ ಅಲ್ಲಿಂದ ಹೊರಟುಬಂದರು. ಸಂಸಾರ ಅಷ್ಟರಲ್ಲಿ ಮುರಿದಿತ್ತು. ಮೇರಿಯನ್ ಮಕ್ಕಳನ್ನು ಕರೆದುಕೊಂಡು ಅಮೆರಿಕಕ್ಕೆ ಹೊರಟುಹೋದಳು. ಆಗ ಅವಳು ಬಸುರಿ. 1937ರಲ್ಲಿ ಮಗ ಹುಟ್ಟಿದ. ಅವನ ಹೆಸರು ರುಸ್ತುಮ್.

ಬಂಟಿಂಗ್ ಆ ಮಗನ ಮುಖ ನೋಡಲೇ ಇಲ್ಲ. ಹುಡುಗ ಹದಿಹರೆಯದಲ್ಲೇ ಪೋಲಿಯೋದಿಂದ ತೀರಿಕೊಂಡ.

ಷಾನಾಮೆ ಗೊತ್ತಿದ್ದವರಿಗೆ ಈ ಹೆಸರಿನ ಭಾರ ಗೊತ್ತು. ಅಲ್ಲಿ ರುಸ್ತುಮ್ ತಾನು ಎಂದೂ ಕಾಣದ ಮಗ ಸೊಹ್ರಾಬ್‌ನ ಎದುರು ಯುದ್ಧಕ್ಕೆ ನಿಲ್ಲುತ್ತಾನೆ, ಮಗ ಅಂತ ತಿಳಿಯದೆ ಕೊಲ್ಲುತ್ತಾನೆ. ನಾವು ಬಭ್ರುವಾಹನನ ಕಾಳಗ ಕೇಳಿ ಬೆಳೆದವರು. ಲಕ್ಷ್ಮೀಶನ ಜೈಮಿನಿ ಭಾರತದಲ್ಲಿ ಮಗನ ಬಾಣಕ್ಕೆ ಅರ್ಜುನ ಬೀಳುತ್ತಾನೆ, ಆದರೆ ನಾಗಲೋಕದಿಂದ ಸಂಜೀವಕ ಮಣಿ ಬರುತ್ತದೆ, ಅರ್ಜುನ ಏಳುತ್ತಾನೆ. ಫಿರ್ದೌಸಿಯಲ್ಲಿ ಔಷಧಿ ಹೊತ್ತಿಗೆ ಬರುವುದಿಲ್ಲ. ಈ ಹೆಸರಿನ ಹಿಂದಿನ ಬಂಟಿಂಗ್‌ಗೆ ಕತೆ ಪೂರ್ತಿ ಗೊತ್ತಿತ್ತು. ಮಗ ಸತ್ತ ಎಷ್ಟೋ ವರ್ಷಕ್ಕೆ, 1964ರಲ್ಲಿ, ಅವನಿಗಾಗಿ ಒಂದು ಪುಟ್ಟ ಹಾಡು ಬರೆದ. ಸರಿಮಾಡಲು ಆಗುವಂಥದ್ದಕ್ಕೆ ಮಾತ್ರ ಕಣ್ಣೀರು ಅನ್ನುತ್ತಾ ಶುರುವಾಗುತ್ತದೆ ಅದು. ಕಣ್ಣೀರಿಗೆ ತನಗೆ ಹಕ್ಕಿಲ್ಲ ಎಂದು ಅಪ್ಪನೊಬ್ಬ ತನಗೇ ಹೇಳಿಕೊಂಡ ಹಾಗೆ ಅದು ನನಗೆ ಕೇಳುತ್ತದೆ.

ಪೌಂಡ್ ವಿಷಯದಲ್ಲಿ ಒಂದು ಮಾತು ಹೇಳಲೇಬೇಕು. ಬಂಟಿಂಗ್‌ಗೆ ಅವನು ಗುರು, ಅನ್ನದಾತ, ಪ್ರಕಾಶಕರಿಗೆ ಪರಿಚಯಿಸಿದವನು. ಆದರೆ ಪೌಂಡ್ ಮುಸೊಲಿನಿಯನ್ನು ಹೊಗಳುತ್ತಾ ಯಹೂದಿಗಳ ಮೇಲೆ ವಿಷ ಕಾರಲು ಶುರು ಮಾಡಿದ. ಇಬ್ಬರಿಗೂ ಗೆಳೆಯನಾಗಿದ್ದ ಯಹೂದಿ ಕವಿ ಲೂಯಿ ಜುಕಾಫ್‌ಸ್ಕಿಗೇ ಅಂಥ ಕಾಗದ ಬರೆದ. ಅದನ್ನು ನೋಡಿದ ಬಂಟಿಂಗ್ 1938ರ ಡಿಸೆಂಬರಿನಲ್ಲಿ ಗುರುವಿಗೆ ಮುಖಕ್ಕೆ ಹೊಡೆದ ಹಾಗೆ ಬರೆದ: ಇಂಥ ದ್ವೇಷದ ಬುಡದಲ್ಲಿ ಇರುವುದು ಹೊಟ್ಟೆಕಿಚ್ಚು ಮತ್ತು ದುರಾಸೆ, ನೀನು ಈ ಹೊಲಸನ್ನು ಮೈಗೆ ಬಳಿದುಕೊಳ್ಳುವುದು ನೋಡಿ ಅಸಹ್ಯವಾಗುತ್ತದೆ. ಕೈಯಲ್ಲಿ ಕಾಸಿಲ್ಲ, ಹೆಸರಿಲ್ಲ, ಸಂಸಾರ ಒಡೆದಿದೆ. ಇದ್ದ ಒಬ್ಬನೇ ದೊಡ್ಡ ಆಸರೆಗೆ ಹೀಗೆ ಬರೆಯುವುದು ಸಣ್ಣ ಧೈರ್ಯವಲ್ಲ.

ಎರಡನೇ ಮಹಾಯುದ್ಧ ಬಂದಾಗ, ಒಂದು ಕಾಲಕ್ಕೆ ಯುದ್ಧ ಒಲ್ಲೆ ಅಂತ ಜೈಲಿಗೆ ಹೋದವನು ತಾನಾಗಿ ವಾಯುಪಡೆ ಸೇರಿದ. ಹಿಟ್ಲರನನ್ನು ತಡೆಯಲೇಬೇಕು ಎನ್ನುವುದರಲ್ಲಿ ಅವನಿಗೆ ಅನುಮಾನ ಇರಲಿಲ್ಲ. ಪರ್ಷಿಯನ್ ಗೊತ್ತು ಅಂತ 1942ರಲ್ಲಿ ಅವನನ್ನು ಇರಾನಿಗೆ ದುಭಾಷಿಯಾಗಿ ಕಳಿಸಿದರು. ಅವನಿಗೆ ಗೊತ್ತಿದ್ದದ್ದು ಫಿರ್ದೌಸಿಯ ಪರ್ಷಿಯನ್! ಪಂಪನ ಕನ್ನಡ ಮಾತ್ರ ಓದಿದವನೊಬ್ಬ ಹೊರದೇಶದಿಂದ ಬಂದು ನಮ್ಮ ಸಂತೆಯಲ್ಲಿ ಮಾತಾಡಲು ನಿಂತ ಹಾಗೆ. ಆದರೆ ಅವನನ್ನು ಹಾಕಿದ್ದು ಬಖ್ತಿಯಾರಿ ಬುಡಕಟ್ಟಿನವರ ಜೊತೆ. ಜಾಗ್ರೋಸ್ ಬೆಟ್ಟಗಳಲ್ಲಿ ಕುರಿ ಹೊಡೆದುಕೊಂಡು ಋತುವಿಗೊಮ್ಮೆ ವಲಸೆ ಹೋಗುವ ಜನ. ಷಾನಾಮೆಯನ್ನು ಬಾಯಲ್ಲಿ ಹಾಡಿಕೊಂಡು ಬಂದ ಜನ. ಅವರಿಗೆ ಇವನ ಮಾತು ತಿಳಿಯಿತು. ಹರಕು ಪುಸ್ತಕದಲ್ಲಿ ಅರ್ಧಕ್ಕೆ ನಿಂತ ಕತೆ, ಅದನ್ನು ಬೆಂಕಿಯ ಸುತ್ತ ಕೂತು ಹೇಳುವವರ ಬಳಿಗೇ ಅವನನ್ನು ಮುಟ್ಟಿಸಿತ್ತು.

ಯುದ್ಧ ಮುಗಿದ ಮೇಲೂ ಅವನು ಅಲ್ಲೇ ಉಳಿದ. ಮೊದಲು ಇಸ್ಫಹಾನ್, ಆಮೇಲೆ ಟೆಹರಾನಿನ ರಾಯಭಾರ ಕಚೇರಿ. 1948ರಲ್ಲಿ ಸೀಮಾ ಎಂಬವಳನ್ನು ಮದುವೆಯಾದ. ಅಲ್ಲಿಯ ಹೆಣ್ಣನ್ನು ಮದುವೆಯಾದದ್ದಕ್ಕೆ ಸರ್ಕಾರಿ ಕೆಲಸ ಹೋಯಿತು. ಸೀಮಾ ಇನ್ನೂ ಹದಿಹರೆಯದವಳು, ಇವನಿಗೆ ನಲವತ್ತೆಂಟು. ಆ ಕಾಲ, ಆ ದೇಶ ಅಂತ ಏನೇ ಹೇಳಿದರೂ ಇದನ್ನು ಒಪ್ಪಿಕೊಳ್ಳಲು ನನಗೆ ಆಗಿಲ್ಲ. ಅವನ ಕವಿತೆಯನ್ನು ಪ್ರೀತಿಸುವಾಗಲೂ ಈ ಮುಳ್ಳು ಚುಚ್ಚುತ್ತಲೇ ಇರುತ್ತದೆ.

ಕೆಲಸ ಹೋದ ಮೇಲೆ ಲಂಡನ್ನಿನ ಟೈಮ್ಸ್ ಪತ್ರಿಕೆಗೆ ವರದಿಗಾರನಾದ. ಅದು ಇರಾನಿನ ಪ್ರಧಾನಿ ಮೊಸದ್ದೆಕ್ ಬ್ರಿಟಿಷರ ಎಣ್ಣೆ ಕಂಪನಿಯನ್ನು ರಾಷ್ಟ್ರೀಕರಣ ಮಾಡಿದ ಸಮಯ. ಬ್ರಿಟಿಷರ ಮೇಲೆ ಜನ ಉರಿಯುತ್ತಿದ್ದರು. ಅವರ ಸಿಟ್ಟಿಗೆ ಕಾರಣವೂ ಇತ್ತು. ಎಣ್ಣೆ ಅವರದ್ದು, ಲಾಭ ಇನ್ಯಾರದ್ದೋ. ಒಂದು ದಿನ ಹೋಟೆಲಿನ ಮುಂದೆ ಗುಂಪು ಸೇರಿ 'ಬಂಟಿಂಗ್‌ಗೆ ಸಾವು' ಎಂದು ಕೂಗಿತಂತೆ. ಇವನು ಹೊರಗೆ ಬಂದು ಗುಂಪಿನಲ್ಲಿ ಸೇರಿಕೊಂಡು ತಾನೂ ಕೂಗಿದನಂತೆ. ಯಾರಿಗೂ ಗುರುತು ಸಿಗಲಿಲ್ಲ. ಇದು ಅವನೇ ಹೇಳುತ್ತಿದ್ದ ಕತೆ. 1952ರಲ್ಲಿ ಮೊಸದ್ದೆಕ್ ಸರ್ಕಾರ ಅವನನ್ನು ದೇಶದಿಂದ ಹೊರಗೆ ಹಾಕಿತು. ಎಳೆಯ ಮಗಳು, ಹೆಂಡತಿಯ ಜೊತೆ ಇಂಗ್ಲೆಂಡಿಗೆ ಬಂದ. ಮಗ ರುಸ್ತುಮ್ ಸತ್ತದ್ದೂ ಅದೇ ವರ್ಷ.

ಊರಿನಲ್ಲಿ ಅವನು ಯಾರಿಗೂ ಬೇಕಾಗಿರಲಿಲ್ಲ. ಕವಿತೆಗಳನ್ನು ಕವಿ ಟಿ.ಎಸ್. ಎಲಿಯಟ್ ಇದ್ದ ಪ್ರಕಾಶನಕ್ಕೆ ಕಳಿಸಿದ. ಪೌಂಡ್‌ನ ನೆರಳು ಜಾಸ್ತಿ ಅಂತ ಎಲಿಯಟ್ ವಾಪಸ್ ಮಾಡಿದ. ಅದುವರೆಗೆ ಬಂದಿದ್ದ ಎರಡು ಪುಸ್ತಕಗಳೂ ಹೊರದೇಶದ್ದೇ: 1930ರದ್ದು ಮಿಲಾನಿನಲ್ಲಿ, 1950ರದ್ದು ಟೆಕ್ಸಸ್‌ನಲ್ಲಿ. ಸ್ವಂತ ದೇಶದಲ್ಲಿ ಏನೂ ಇಲ್ಲ. ಹೀಗೆ ಅವನು ಕರಡು ತಿದ್ದಲು ಕೂತ. ಹತ್ತು ವರ್ಷಕ್ಕೂ ಜಾಸ್ತಿ, ಬರೆದದ್ದು ಇಲ್ಲವೇ ಇಲ್ಲ ಅನ್ನುವಷ್ಟು ಕಡಿಮೆ. ಆ ಹತ್ತು ವರ್ಷಗಳ ಬಗ್ಗೆ ಯಾರೂ ಹೆಚ್ಚು ಬರೆಯುವುದಿಲ್ಲ. ಬರೆಯಲು ಏನಿದೆ? ದಪ್ಪ ಕನ್ನಡಕದ ಮನುಷ್ಯ ರೈಲು ಹತ್ತುತ್ತಾನೆ, ಷೇರು ದರ ನೋಡುತ್ತಾನೆ, ರೈಲು ಹತ್ತುತ್ತಾನೆ. ನನಗೆ ಮಾತ್ರ ಅವನನ್ನು ಅಲ್ಲೇ ಹೆಚ್ಚು ಸ್ಪಷ್ಟವಾಗಿ ನೋಡಲು ಆಗುತ್ತದೆ. ಕಣ್ಣು ಉರಿಯುತ್ತದೆ, ಅಂಕಿ ಕುಣಿಯುತ್ತದೆ, ಪುಟ ಬಿಡುವ ಹೊತ್ತು ಆಗಿಬಿಟ್ಟಿರುತ್ತದೆ.

ಆಮೇಲೆ ಒಬ್ಬ ಹುಡುಗ ಬಂದ. ಟಾಮ್ ಪಿಕಾರ್ಡ್, ಹದಿನೇಳು-ಹದಿನೆಂಟರವನು. ಹದಿನಾಲ್ಕಕ್ಕೇ ಶಾಲೆ ಬಿಟ್ಟವನು, ಕೆಲಸ ಇಲ್ಲದವನು, ಕವಿತೆಯ ಹುಚ್ಚಿನವನು. ತಾನು ತರುವ ಪತ್ರಿಕೆಗೆ ಬರಹ ಕೇಳಲು ಫೋನ್ ಮಾಡಿ, ರೈಲು ಹತ್ತಿ ವೈಲಮ್ ಊರಿನ ಮನೆಗೇ ಬಂದ. ಪೌಂಡ್, ಯೇಟ್ಸ್‌ರ ಜೊತೆ ಒಡನಾಡಿದ ಕವಿ ತನ್ನ ಊರಿನ ಪಕ್ಕದಲ್ಲೇ ಇದ್ದಾನೆ ಅನ್ನುವುದೇ ಅವನಿಗೆ ದೊಡ್ಡದು. ಬಂಟಿಂಗ್ ಅವನಿಗೆ ಓದಿ ಹೇಳಿದ. ಅವನ ಪದ್ಯಗಳನ್ನು ತಿದ್ದಿದ. ಟಾಮ್ ಮತ್ತು ಅವನ ಹೆಂಡತಿ ಕಾನಿ 1964ರಲ್ಲಿ ನ್ಯೂಕ್ಯಾಸಲ್‌ನ ಹಳೇ ಕೋಟೆಗೋಡೆಯ ಒಂದು ಬುರುಜನ್ನು ಹಿಡಿದು ಕವಿತಾ ವಾಚನ ಶುರು ಮಾಡಿದರು. ಮಾರ್ಡನ್ ಟವರ್ ಅಂತ ಅದರ ಹೆಸರು.

ದೀರ್ಘ ಕವಿತೆ ಬರೆಯುವುದು ಹೇಗೆ ಅಂತ ಆ ಹುಡುಗನಿಗೆ ತೋರಿಸಲು ಹೊರಟೆ ಅಂತ ಬಂಟಿಂಗ್ ಹೇಳುತ್ತಿದ್ದ. ವೈಲಮ್‌ನಿಂದ ನ್ಯೂಕ್ಯಾಸಲ್‌ಗೆ ರೈಲಿನಲ್ಲಿ ಹೋಗಿ ಬರುತ್ತಾ ನೋಟ್‌ಬುಕ್ಕಿನಲ್ಲಿ ಬರೆದ. (ರೈಲಿನ ಇತಿಹಾಸದ ದೊಡ್ಡ ಹೆಸರು ಜಾರ್ಜ್ ಸ್ಟೀಫನ್‌ಸನ್ ಹುಟ್ಟಿದ್ದು ಅದೇ ವೈಲಮ್‌ನಲ್ಲಿ.) ಸಾವಿರಾರು ಸಾಲು ಬರೆದು, ಹೊಡೆದು ಹಾಕಿ, ಹೊಡೆದು ಹಾಕಿ, 1965ರಲ್ಲಿ ಉಳಿಸಿಕೊಂಡದ್ದು ಸುಮಾರು ಏಳುನೂರು ಸಾಲು. ಅದೇ 'ಬ್ರಿಗ್‌ಫ್ಲಾಟ್ಸ್'. ಆ ಡಿಸೆಂಬರಿನಲ್ಲಿ ಮಾರ್ಡನ್ ಟವರಿನಲ್ಲಿ ಮೊದಲ ಸಲ ಓದಿದ. ಮರುವರ್ಷ ಪುಸ್ತಕವಾಯಿತು. ಎಲಿಯಟ್‌ನ 'ಫೋರ್ ಕ್ವಾರ್ಟೆಟ್ಸ್' ಆದ ಮೇಲೆ ಇಂಗ್ಲೆಂಡಿನಲ್ಲಿ ಬಂದ ಅತ್ಯುತ್ತಮ ದೀರ್ಘ ಕವಿತೆ ಇದು ಅಂತ ವಿಮರ್ಶಕ ಸಿರಿಲ್ ಕಾನಲಿ ಬರೆದ. ಬಂಟಿಂಗ್‌ಗೆ ಆಗ ಅರವತ್ತಾರು.

ಬ್ರಿಗ್‌ಫ್ಲಾಟ್ಸ್ ಒಂದು ಸಣ್ಣ ಹಳ್ಳಿ. ರಾಥಿ ಅನ್ನುವ ಹೊಳೆಯ ಪಕ್ಕ, 1675ರಲ್ಲಿ ಕಟ್ಟಿದ ಕ್ವೇಕರ್ ಪ್ರಾರ್ಥನಾ ಮನೆ ಇರುವ ಊರು. ಹನ್ನೆರಡು-ಹದಿಮೂರರ ಹುಡುಗನಾಗಿದ್ದಾಗ ಬಂಟಿಂಗ್ ರಜೆಗೆ ಸಹಪಾಠಿಯೊಬ್ಬನ ಮನೆಗೆ ಅಲ್ಲಿಗೆ ಹೋಗುತ್ತಿದ್ದ. ಆ ಮನೆಯ ಯಜಮಾನ ಕಲ್ಲುಕುಟಿಗ, ಸಮಾಧಿಯ ಕಲ್ಲುಗಳ ಮೇಲೆ ಹೆಸರು ಕೆತ್ತುವವನು. ಸಹಪಾಠಿಯ ತಂಗಿ ಪೆಗ್ಗಿ. ಇಬ್ಬರಿಗೂ ಒಬ್ಬರನ್ನು ಕಂಡರೆ ಒಬ್ಬರಿಗೆ ಪ್ರಾಣ. ಬೆಳೆದ ಮೇಲೆ ಇವನು ಜೈಲು, ಲಂಡನ್, ಪ್ಯಾರಿಸ್ ಅಂತ ಹೋದವನು ಅವಳ ಕಡೆ ತಿರುಗಿ ನೋಡಲಿಲ್ಲ. ಐವತ್ತು ವರ್ಷದ ಮೇಲೆ ಬರೆದ ಕವಿತೆಯನ್ನು ಅವಳಿಗೇ ಅರ್ಪಿಸಿದ್ದಾನೆ. ಉತ್ತರ ಬರೆಯದೆ ಐವತ್ತು ವರ್ಷ ಇಟ್ಟುಕೊಂಡ ಕಾಗದ ಎಂಬ ಮಾತು ಅದರ ಕೊನೆಯ ಹತ್ತಿರ ಬರುತ್ತದೆ. ಕವಿತೆ ಮುಗಿದ ಮೇಲೆ ಇಬ್ಬರೂ ಮತ್ತೆ ಭೇಟಿಯಾದರು.

ಯಾರದ್ದೋ ದೇಶದ ಯಾವುದೋ ರಾಜನ ಕತೆ ಮುಂದೇನಾಯಿತು ಅಂತ ಭಾಷೆ ಕಲಿತವನು, ತನ್ನ ಕತೆಗಳನ್ನು ಮಾತ್ರ ಅರ್ಧಕ್ಕೆ ಬಿಟ್ಟುಬಿಟ್ಟು ಹೋಗುತ್ತಿದ್ದ. ಪೆಗ್ಗಿಯದ್ದು, ಕಾಣದ ಮಗನದ್ದು. ಬ್ರಿಗ್‌ಫ್ಲಾಟ್ಸ್ ಓದುವಾಗ ನನಗೆ ಇದೇ ಕಾಡುವುದು. ಆದರೆ ಆ ದೂರದ ಕತೆ ಇಲ್ಲದೆ ಅವನು ಹತ್ತಿರದ್ದಕ್ಕೆ ಬರಲು ಆಗುತ್ತಿತ್ತಾ? ಅನುಮಾನ. ಏಕೆಂದರೆ ಕವಿತೆಯ ನಟ್ಟನಡುವೆ, ಮೂರನೇ ಭಾಗದಲ್ಲಿ, ಫಿರ್ದೌಸಿಯೇ ಬರುತ್ತಾನೆ. ಷಾನಾಮೆಯ ಅಲೆಕ್ಸಾಂಡರ್ ಲೋಕದ ಅಂಚಿನ ಬೆಟ್ಟ ಹತ್ತುತ್ತಾನೆ. ಜೊತೆಯವರು ಹಿಂದೆ ಉಳಿಯುತ್ತಾರೆ. ತುದಿಯಲ್ಲಿ ಇಸ್ರಾಫಿಲ್ ದೇವದೂತ ತುತ್ತೂರಿ ಹಿಡಿದು ನಿಂತಿದ್ದಾನೆ. ಊದಿದರೆ ಲೋಕ ಮುಗಿಯುತ್ತದೆ. ಇನ್ನೂ ಊದಿಲ್ಲ, ಅಪ್ಪಣೆಗೆ ಕಾಯುತ್ತಿದ್ದಾನೆ. ಅಲೆಕ್ಸಾಂಡರ್ ಅಲ್ಲಿಂದ ಬೀಳುತ್ತಾನೆ. ಎಚ್ಚರವಾದಾಗ ಮಲಗಿರುವುದು ಇಂಗ್ಲೆಂಡಿನ ಉತ್ತರದ ಹಾವಸೆಯ ಮೇಲೆ. ಪಕ್ಕದಲ್ಲಿ ಒಂದು ಸ್ಲೋವರ್ಮ್. ನೋಡಲು ಪುಟ್ಟ ಹಾವು, ನಿಜಕ್ಕೆ ಕಾಲಿಲ್ಲದ ಹಲ್ಲಿ. ವಿಷವಿಲ್ಲ. ಅದು ತನ್ನ ಪಾಡನ್ನು ಹಾಡಿಕೊಳ್ಳುತ್ತದೆ: ನಾನು ಕಾಳು ಬೀಳುವ ನೆಲದಲ್ಲಿ ಇದ್ದೇನೆ, ನನಗೆ ಇಷ್ಟು ಸಾಕು. ಲೋಕ ಗೆದ್ದವನು ಅದನ್ನು ಕೇಳಿ ಎದ್ದು ತನ್ನವರನ್ನು ಮನೆ ಕಡೆ ನಡೆಸುತ್ತಾನೆ. ಊರಿಗೆ ತಿರುಗುವ ದಾರಿಯನ್ನು ಬಂಟಿಂಗ್‌ಗೆ ತೋರಿಸಿದ್ದು ಆ ಹರಕು ಪುಸ್ತಕವೇ.

ಊರಿಗೆ ತಿರುಗಿದ ಅಂದರೆ ಮಾತಿಗೂ ತಿರುಗಿದ. ಅವನು ಓದಿದ ಧ್ವನಿಮುದ್ರಿಕೆಗಳು ಸಿಗುತ್ತವೆ, ದಯವಿಟ್ಟು ಕೇಳಿ. ಲಂಡನ್ನಿನ ನಯವಾದ ಇಂಗ್ಲಿಷ್ ಅಲ್ಲ ಅದು. ರಕಾರ ಗಂಟಲಲ್ಲಿ ಉರುಳುತ್ತದೆ, ಸ್ವರಗಳು ಉದ್ದ. ತನ್ನ ಸಾಲುಗಳನ್ನು ದಕ್ಷಿಣದವರು ಓದಿದರೆ ನಾದ ಕೆಡುತ್ತದೆ ಅಂತ ಪುಸ್ತಕದ ಟಿಪ್ಪಣಿಯಲ್ಲೇ ಬರೆದಿದ್ದಾನೆ. ನಲವತ್ತು ವರ್ಷ ಎಲ್ಲೆಲ್ಲೋ ತಿರುಗಿದರೂ ಆ ನಾಲಿಗೆ ಬದಲಾಗಿರಲಿಲ್ಲ. 1985ರ ಏಪ್ರಿಲ್ 17ರಂದು ತೀರಿಕೊಂಡಾಗಲೂ ಅವನು ಇದ್ದದ್ದು ಅದೇ ಸೀಮೆಯಲ್ಲಿ.

ಕವಿತೆ ಶುರುವಾಗುವುದು ಒಂದು ಹೋರಿಯಿಂದ. ರಾಥಿ ಹೊಳೆಯ ಸದ್ದಿಗೆ ಅದು ದನಿಗೂಡಿಸುತ್ತದೆ. ಕಲ್ಲುಕುಟಿಗನ ಸುತ್ತಿಗೆ ಬಾನಾಡಿಯ ಉಲಿಗೆ ತಾಳ ಹಾಕುತ್ತದೆ. ಹೋದ ದೀಪಾವಳಿಗೆ ಊರಿಗೆ ಹೋದಾಗ ಜಗಲಿಯ ಮೇಲೆ ಕೂತು ಆ ಮೊದಲ ಸಾಲುಗಳನ್ನು ಕನ್ನಡದಲ್ಲಿ ಹೇಳಲು ಒದ್ದಾಡುತ್ತಿದ್ದೆ. ಹೋರಿ ಜಂಬ ಕೊಚ್ಚುತ್ತದೆ, ಹಾಡುತ್ತದೆ, ಕೂಗುತ್ತದೆ, ಯಾವುದೂ ಸರಿ ಬರಲಿಲ್ಲ. ಅಪ್ಪಯ್ಯ ಅಡಿಕೆ ಸುಲಿಯುತ್ತಾ ಕೇಳಿಸಿಕೊಳ್ಳುತ್ತಿದ್ದರು.

'ಹೋರಿ ಹಾಡತ್ತೇನೋ? ಗುಟುರು ಹಾಕತ್ತೆ' ಅಂದರು.

ಬರೆದುಕೊಂಡೆ. ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಅವರೇ ಕೇಳಿದರು.

'ಹೊಳೆ ಯಾವ್ದು ಅಂದೆ?'

'ರಾಥಿ ಅಂತ, ಅಪ್ಪಯ್ಯ. ಇಂಗ್ಲೆಂಡಲ್ಲಿ.'

'ಗುಟುರಿಗೆ ಸಮ ಸದ್ದು ಬೇಕು ಅಂದ್ರೆ ಬಂಡೆ ಮೇಲೆ ಹರಿಯೋ ಹೊಳೆನೇ ಇರ್ಬೇಕು' ಅಂದರು. ಮೆಟ್ಟುಗತ್ತಿಗೆ ಇನ್ನೊಂದು ಅಡಿಕೆ ಒತ್ತಿದರು. 'ಹೂಂ, ಮುಂದೆ ಓದು. ಆಮೇಲೆ ಏನಾಯ್ತು?'